ಹೇಲೋ ಯಾರ ಹೆಸರಿನಲ್ಲಿದೆ?

ಮಕ್ಕಳೇ, ಈ ವಾರದ ಮಾತು 'ಹೇಲೋ' ಎಂಬ ವಿಡಿಯೊ ಗೇಮಿನದು. ಫೋನೆತ್ತಿದಾಗ ಹೇಳುವ ಹಲೋ ಅಲ್ಲ. ದೇವರ ಪಟಗಳಲ್ಲಿ ತಲೆಯ ಹಿಂದೆ ಬೆಳಗುವ ಪ್ರಭಾವಳಿ ಇರುತ್ತದಲ್ಲ, ಅದರ ಇಂಗ್ಲಿಷ್ ಹೆಸರು. ಆಟದಲ್ಲಿ ಅದು ಬಾಹ್ಯಾಕಾಶದಲ್ಲಿ ತೇಲುವ ದೈತ್ಯ ಉಂಗುರ. ಉಂಗುರದ ಒಳಮೈಯಲ್ಲೇ ಬೆಟ್ಟ, ಕಡಲು, ಕಾಡು ಎಲ್ಲ ಇವೆ. ಕಾಲ ಇಪ್ಪತ್ತಾರನೆಯ ಶತಮಾನ. ಹಸಿರು ಕವಚ ತೊಟ್ಟ, ಮುಖವನ್ನೇ ತೋರಿಸದ ಮಾಸ್ಟರ್ ಚೀಫ್ ಎಂಬ ಯೋಧ. ಅವನಿಗೆ ದಾರಿ ಹೇಳುವ ಕೊರ್ಟಾನಾ ಎಂಬ ಯಂತ್ರಬುದ್ಧಿ. ಎದುರಿಗೆ ಅನ್ಯಗ್ರಹದ ಸೈನ್ಯ. (ಬಂದೂಕಿನ ಆಟ. ತೀರಾ ಚಿಕ್ಕವರಿಗಲ್ಲ. ಡಬ್ಬಿಯ ಮೇಲೆ ವಯಸ್ಸು ಬರೆದಿರುತ್ತಾರೆ, ಅಪ್ಪ ಅಮ್ಮ ಓದಿಕೊಳ್ಳಲಿ.)

ಎಪ್ಪತ್ತು ದಾಟಿದ ಬ್ಯಾಂಕ್ ಗುಮಾಸ್ತನಿಗೆ ಈ ಉಸಾಬರಿ ಏಕೆ ಎಂದು ಹಿರಿಯರು ಕೇಳಬಹುದು. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ಈ ನಾಲ್ಕು ತಾಲ್ಲೂಕುಗಳಲ್ಲಿ ಲೆಡ್ಜರು ಬರೆದೇ ಕಣ್ಣು ಮಂಜು ಮಾಡಿಕೊಂಡವನು ನಾನು. ಬಿ.ಕಾಂ. ಓದಿದವನ ಚಾಳಿ ಹೋಗುವುದಿಲ್ಲ. ಯಾವ ಕಥೆ ಕೇಳಿದರೂ ಖಾತೆ ಯಾರ ಹೆಸರಿನಲ್ಲಿದೆ ಎಂದು ಮೊದಲು ನೋಡುತ್ತೇನೆ. "ತಾತ, ಹೇಲೋ ಇನ್ನು ಮುಂದೆ ಬರುತ್ತೋ ಇಲ್ವೋ?" ಎಂದು ಮೊಮ್ಮಗ ಕೇಳಿದಾಗಲೂ ಅದನ್ನೇ ನೋಡಿದೆ. ಈ ಖಾತೆಯಷ್ಟು ಕೈ ಬದಲಾದ ಖಾತೆ ನಮ್ಮ ಶಾಖೆಗಳಲ್ಲೂ ಅಪರೂಪ.

ಹೇಲೋ ಮಾಡಿದವರು ಬಂಜಿ ಎಂಬ ಅಮೆರಿಕದ ಸಣ್ಣ ಕಂಪನಿಯವರು. 1999ರಲ್ಲಿ ಅದನ್ನು ಮೊದಲು ಜಗತ್ತಿಗೆ ತೋರಿಸಿದ್ದು ಆ್ಯಪಲ್ ಕಂಪನಿಯ ವೇದಿಕೆಯಲ್ಲಿ, ಖುದ್ದು ಸ್ಟೀವ್ ಜಾಬ್ಸ್. ಮರುವರ್ಷವೇ ಮೈಕ್ರೋಸಾಫ್ಟ್ ಬಂಜಿಯನ್ನು ಕೊಂಡುಕೊಂಡಿತು. 2001ರ ನವೆಂಬರಿನಲ್ಲಿ ತನ್ನ ಎಕ್ಸ್‌ಬಾಕ್ಸ್ ಯಂತ್ರವನ್ನು ಮಾರುಕಟ್ಟೆಗೆ ಬಿಟ್ಟಾಗ ಹೇಲೋವನ್ನು ಜೊತೆಗೇ ಬಿಟ್ಟಿತು. ಆಟಕ್ಕಾಗಿಯೇ ಜನ ಯಂತ್ರ ಕೊಂಡರು. 2007ರಲ್ಲಿ ಬಂಜಿಯವರು ಮೈಕ್ರೋಸಾಫ್ಟಿನಿಂದ ಬೇರೆಯಾದರು. ಬೇರೆಯಾದರೇನು, ಹೇಲೋ ಹೆಸರು, ಕಥೆ, ಮಾಸ್ಟರ್ ಚೀಫ್ ಎಲ್ಲ ಮೈಕ್ರೋಸಾಫ್ಟಿನ ಖಾತೆಯಲ್ಲೇ ಉಳಿದವು. ಪಾಲು ಪಡೆದು ಹೊರಟ ಮಗ ಮನೆದೇವರನ್ನು ಹಿರಿಯರ ಮನೆಯಲ್ಲೇ ಬಿಟ್ಟು ಹೋಗುತ್ತಾನಲ್ಲ, ಹಾಗೆ. 2010ರಲ್ಲಿ 'ರೀಚ್' ಎಂಬ ಕೊನೆಯ ಕಂತು ಕೊಟ್ಟು ಅವರು ಕೈತೊಳೆದುಕೊಂಡರು. ಆಮೇಲಿನ ಕಂತುಗಳನ್ನು ಮಾಡಿದ್ದು 343 ಇಂಡಸ್ಟ್ರೀಸ್ ಎಂಬ ಬೇರೆ ತಂಡ. 2021ರ 'ಇನ್ಫಿನಿಟ್' ಅವರದೇ. 2024ರಲ್ಲಿ ಆ ತಂಡ ಹೇಲೋ ಸ್ಟುಡಿಯೋಸ್ ಎಂದು ಹೆಸರು ಬದಲಿಸಿಕೊಂಡಿತು.

ಇನ್ನೂ ತಮಾಷೆಯಿದೆ. 2022ರಲ್ಲಿ ಬಂಜಿಯನ್ನು ಸೋನಿ ಕೊಂಡುಕೊಂಡಿತು. ಸೋನಿ ಎಂದರೆ ಪ್ಲೇಸ್ಟೇಷನ್, ಎಕ್ಸ್‌ಬಾಕ್ಸಿನ ಬದ್ಧ ಎದುರಾಳಿ. ಅಂದರೆ ಹೆತ್ತವರು ಎದುರುಮನೆ ಸೇರಿದರು, ಮಗು ಇಲ್ಲೇ ಉಳಿಯಿತು. 2025ರ ಅಕ್ಟೋಬರಿನಲ್ಲಿ ಇನ್ನೊಂದು ಘೋಷಣೆ: 2001ರ ಮೊದಲ ಆಟವನ್ನೇ ಹೊಸ ಚಿತ್ರಗಳೊಂದಿಗೆ ಮತ್ತೆ ಕಟ್ಟಿ 2026ರಲ್ಲಿ ತರುತ್ತಾರಂತೆ, ಹೆಸರು 'ಕ್ಯಾಂಪೇನ್ ಇವಾಲ್ವ್ಡ್'. ಅದು ಪ್ಲೇಸ್ಟೇಷನ್ನಿಗೂ ಬರುತ್ತದಂತೆ! ಇಪ್ಪತ್ತೈದು ವರ್ಷ ಒಂದೇ ಮನೆಯ ಸ್ವತ್ತಾಗಿದ್ದದ್ದು ಈಗ ಎದುರುಮನೆಯ ಅಂಗಳಕ್ಕೂ ಆಡಲು ಹೊರಟಿದೆ.

ಆದ್ದರಿಂದ ಹೊಸ ಹೇಲೋ ಬರುತ್ತದೋ ಇಲ್ಲವೋ ಎಂಬ ಚಿಂತೆ ನನಗಿಲ್ಲ. ಹೆಸರಿಗೆ ಬೆಲೆಯಿರುವ ತನಕ ಬರುತ್ತಲೇ ಇರುತ್ತದೆ. ನನ್ನ ಚಿಂತೆ ಹಳೆಯವುಗಳದ್ದು.

'ಹೇಲೋ 2' ಬಂದದ್ದು 2004ರಲ್ಲಿ. ಜಗತ್ತಿನ ಯಾವ ಮೂಲೆಯಲ್ಲಿದ್ದರೂ ಇಂಟರ್‌ನೆಟ್ಟಿನ ಮೂಲಕ ಒಟ್ಟಿಗೆ ಆಡಬಹುದಿತ್ತು. ಆಟಗಾರರನ್ನು ಒಬ್ಬರಿಗೊಬ್ಬರು ಜೋಡಿಸುತ್ತಿದ್ದ ಕಂಪ್ಯೂಟರುಗಳು, ಅಂದರೆ ಸರ್ವರುಗಳು, ಕಂಪನಿಯವು. 2010ರ ಏಪ್ರಿಲ್ ಮಧ್ಯದಲ್ಲಿ ಹಳೆಯ ಎಕ್ಸ್‌ಬಾಕ್ಸಿನ ಆ ಸೇವೆಯನ್ನು ನಿಲ್ಲಿಸಿದರು. ಹೊಸದಾಗಿ ಯಾರೂ ಒಳಗೆ ಬರುವಂತಿಲ್ಲ. ಆದರೆ ಆಗಲೇ ಒಳಗಿದ್ದವರನ್ನು ಹೊರಗೆ ತಳ್ಳಲಿಲ್ಲ. ಬೆರಳೆಣಿಕೆಯ ಕೆಲವರು ಏನು ಮಾಡಿದರು ಗೊತ್ತೇ? ಯಂತ್ರವನ್ನು ಆರಿಸಲೇ ಇಲ್ಲ! ಹಗಲು ರಾತ್ರಿ ಉರಿಸಿಟ್ಟರು. ಯಂತ್ರ ಕಾದು ಕೆಟ್ಟಿತೋ, ತಂತಿ ಕಡಿಯಿತೋ, ಒಬ್ಬೊಬ್ಬರೇ ಕಳಚಿಕೊಂಡರು. ಕೊನೆಯವನು ಮೇ ಎರಡನೆಯ ವಾರದ ತನಕ ಒಳಗಿದ್ದ. ಅವನೂ ಹೋದ ಮೇಲೆ ಆ ಆಟ ಮುಗಿಯಿತು.

ನಮ್ಮ ಕಾಲದ ಬ್ಯಾಂಕಿನಲ್ಲಿ ಎರಡು ಗಂಟೆಗೆ ಗೇಟು ಎಳೆದರೂ ಒಳಗೆ ಕ್ಯೂನಲ್ಲಿ ನಿಂತವರ ಕೆಲಸ ಮುಗಿಸಿಯೇ ಕಳಿಸುತ್ತಿದ್ದೆವು. ಆದರೆ ಮರುದಿನ ಹತ್ತಕ್ಕೆ ಗೇಟು ಮತ್ತೆ ತೆರೆಯುತ್ತಿತ್ತು. ಇಲ್ಲಿ ತೆರೆಯಲಿಲ್ಲ. 2022ರ ಜನವರಿಯಲ್ಲಿ ಎಕ್ಸ್‌ಬಾಕ್ಸ್ 360 ಯಂತ್ರದ ಹೇಲೋಗಳಿಗೂ ಸರ್ವರು ನಿಂತಿತು. ಅದೇ ಆಟಗಳು ಹೊಸ ಯಂತ್ರಗಳಿಗೆ ಒಂದು ಸಂಕಲನವಾಗಿ ಸಿಗುತ್ತವೆ, ನಿಜ. ಮತ್ತೆ ದುಡ್ಡು ಕೊಟ್ಟರೆ.

ಹುಣಸೂರಿನ ಹುಡುಗರಿಗೆ ಇದು ಹೊಸದೇನಲ್ಲ. 2020ರ ಸೆಪ್ಟೆಂಬರಿನಲ್ಲಿ ಸರ್ಕಾರ ಪಬ್‌ಜಿ ಮೊಬೈಲ್ ನಿಷೇಧಿಸಿದಾಗ ಎಷ್ಟು ಮನೆಗಳಲ್ಲಿ ಸೂತಕವಿರಲಿಲ್ಲ! ಅಲ್ಲಿ ಬಾಗಿಲು ಮುಚ್ಚಿಸಿದ್ದು ಸರ್ಕಾರ, ಇಲ್ಲಿ ಕಂಪನಿ. ಆಡುವವನ ಪಾಲಿಗೆ ಎರಡೂ ಒಂದೇ.

ನಮ್ಮ ಕೆ.ಆರ್. ನಗರದ ಕಡೆಯ ಹಳ್ಳಿಗಳಲ್ಲಿ 'ಕುರುಕ್ಷೇತ್ರ' ನಾಟಕ ಆಡುತ್ತಾರೆ. ಹಾರ್ಮೋನಿಯಂ ಮೇಷ್ಟ್ರು ಬೇರೆಯಾಗುತ್ತಾರೆ, ದುರ್ಯೋಧನನ ಪಾತ್ರಕ್ಕೆ ಹಟ ಹಿಡಿಯುವ ಗೌಡರು ಬೇರೆಯಾಗುತ್ತಾರೆ, ಸೀನರಿ ಬಾಡಿಗೆಯವನು ಕೈಕೊಟ್ಟರೆ ಸೀರೆ ಕಟ್ಟಿ ಆಡುತ್ತಾರೆ. ಯಾರನ್ನೂ ಅಪ್ಪಣೆ ಕೇಳಬೇಕಿಲ್ಲ. ಕೃಷ್ಣನ ಕಥೆ ಯಾವ ಕಂಪನಿಯ ಆಸ್ತಿಯೂ ಅಲ್ಲ. ಮಾಸ್ಟರ್ ಚೀಫನ ಕಥೆಗೆ ಆ ಭಾಗ್ಯವಿಲ್ಲ.

ಹಾಗಾದರೆ ದುಡ್ಡು ಕೊಟ್ಟವನು ಕೊಂಡದ್ದೇನು? ನೀವು ಹೊಲವನ್ನು ಶುದ್ಧ ಕ್ರಯಕ್ಕೆ ಕೊಂಡರೆ ಅದು ನಿಮ್ಮದು, ನಿಮ್ಮ ಮಕ್ಕಳದು. ಭೋಗ್ಯಕ್ಕೆ ಹಿಡಿದರೆ ಅವಧಿ ಮುಗಿಯುವ ತನಕ ಉಳಬಹುದು, ಬಿಟ್ಟುಕೊಡುವಾಗ ಹಣ ವಾಪಸ್ಸು. ಇಂಟರ್‌ನೆಟ್ಟಿನಲ್ಲಿ ಇಳಿಸಿಕೊಳ್ಳುವ ಆಟ ಸಾಮಾನ್ಯವಾಗಿ ಕ್ರಯವೂ ಅಲ್ಲ, ಭೋಗ್ಯವೂ ಅಲ್ಲ. ಆಡಲು ಲೈಸೆನ್ಸು ಅಷ್ಟೇ, ಹಣವೂ ವಾಪಸ್ಸಿಲ್ಲ. ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯ ಇದಕ್ಕೊಂದು ಕಾನೂನು ಮಾಡಿದೆ. 2025ರಿಂದ, ಸಿಗುವುದು ಲೈಸೆನ್ಸು ಮಾತ್ರ ಎಂದು ಸ್ಪಷ್ಟವಾಗಿ ತಿಳಿಸದೆ ಇಂಥ ಸರಕಿಗೆ 'ಕೊಳ್ಳಿ' ಎಂಬ ಪದ ಬಳಸುವಂತಿಲ್ಲ. ಯುರೋಪಿನಲ್ಲಿ 2024ರಲ್ಲಿ 'ದಿ ಕ್ರ್ಯೂ' ಎಂಬ ಕಾರೋಟದ ಆಟ ಹೀಗೆಯೇ ನಿಂತುಹೋದಾಗ ಆಟಗಾರರು ಚಳವಳಿ ಶುರುಮಾಡಿದರು. ಮಾರಿದ ಆಟ ಆಡುವಂತೆಯೇ ಉಳಿಯಲಿ ಎಂಬ ಬೇಡಿಕೆಗೆ 2025ರ ಜುಲೈ ವೇಳೆಗೆ ಹತ್ತು ಲಕ್ಷಕ್ಕೂ ಹೆಚ್ಚು ಸಹಿ ಬಿದ್ದವು. ಇದು ಬರೀ ಮಕ್ಕಳಾಟವಾಗಿದ್ದರೆ ಅಷ್ಟು ಸಹಿ ಬೀಳುತ್ತಿತ್ತೇ?

ನಮ್ಮವರಿಗೂ ಇದರಲ್ಲಿ ಪಾಲಿದೆ. 1997ರಲ್ಲಿ ರಾಜೇಶ್ ರಾವ್ ಬೆಂಗಳೂರಿನಲ್ಲಿ ಧ್ರುವ ಇಂಟರಾಕ್ಟಿವ್ ಶುರುಮಾಡಿದರು. ಮೈಕ್ರೋಸಾಫ್ಟಿನದೇ 'ಫೋರ್ಜಾ' ಆಟದ ಕಾರುಗಳಲ್ಲಿ ಅಲ್ಲಿನ ಹುಡುಗ ಹುಡುಗಿಯರ ಕೈಚಳಕವಿದೆ. ಆ ಕಂಪನಿಯೂ ಸ್ವೀಡನ್ನಿನವರ ಕೈಗೆ ಹೋಗಿ, 2019ರಲ್ಲಿ ಅಮೆರಿಕದ ರಾಕ್‌ಸ್ಟಾರ್ ಪಾಲಾಯಿತು. ಬರೆದವರು ಇಲ್ಲಿಯವರು, ಖಾತೆ ಬೇರೆಯವರದು. ನಿಮ್ಮಲ್ಲಿ ಯಾರಾದರೂ ಆಟ ಕಟ್ಟುವ ಕೆಲಸಕ್ಕೆ ಹೋದರೆ ಸಹಿ ಹಾಕುವ ಮುನ್ನ ಕಾಗದದ ಸಣ್ಣಕ್ಷರಗಳನ್ನೂ ಓದಿ.

ಅಂದಹಾಗೆ, 2001ರ ಆ ಮೊದಲ ಹೇಲೋ ಇವತ್ತಿಗೂ ಆಡುತ್ತದೆ. ಅದಕ್ಕೆ ಸರ್ವರೂ ಬೇಡ, ಇಂಟರ್‌ನೆಟ್ಟೂ ಬೇಡ. ನಾಲ್ಕು ಎಕ್ಸ್‌ಬಾಕ್ಸುಗಳನ್ನು ತಂತಿಯಿಂದ ಜೋಡಿಸಿ ಹದಿನಾರು ಜನ ಒಟ್ಟಿಗೆ ಕೂರಬಹುದು. ಹೊಸ ಆಟ ಕೊಡಿಸಿ ಎಂದು ಮಕ್ಕಳು ಕೇಳಿದಾಗ ಅಂಗಡಿಯವನಿಗೆ ಎರಡು ಪ್ರಶ್ನೆ ಹಾಕಿ: ನೆಟ್ ಇಲ್ಲದಿದ್ದರೂ ಇದು ನಡೆಯುತ್ತದೆಯೇ? ಡಿಸ್ಕಿನೊಳಗೆ ಆಟ ಪೂರ್ತಿ ಇದೆಯೇ, ಅಥವಾ ಬರೀ ಡಬ್ಬಿಯೇ? ಅವನು ತಲೆ ಕೆರೆದುಕೊಂಡರೆ ಪರ್ಸು ಜೇಬಿನಲ್ಲೇ ಇರಲಿ.