ಖಳನಾಯಕನನ್ನು ಹುಡುಕುವ ಧಾರಾವಾಹಿ

ಇತಿಹಾಸವನ್ನು ಕಥೆಯಾಗಿಸುವಾಗ ದೂರದರ್ಶನ ಮಾಧ್ಯಮಕ್ಕೆ ಒಬ್ಬ ಖಳನಾಯಕ ಬೇಕೇ ಬೇಕು. ಆಸ್ಟ್ರೇಲಿಯಾದಲ್ಲಿ 1983ರಲ್ಲಿ ಪ್ರಸಾರವಾದ ‘ದಿ ಡಿಸ್‌ಮಿಸಲ್’ ಎಂಬ ಕಿರು ಧಾರಾವಾಹಿಯ ಕುರಿತು ನನ್ನ ತಕರಾರು ಇದೇ. ಪ್ರಧಾನಿ ಗಾಫ್ ವಿಟ್ಲಂ, ಪ್ರತಿಪಕ್ಷದ ನಾಯಕ ಮಾಲ್ಕಂ ಫ್ರೇಸರ್, ಗವರ್ನರ್ ಜನರಲ್ ಸರ್ ಜಾನ್ ಕೆರ್, ಈ ಮೂವರ ಹಠ, ಅಹಂಕಾರ, ಅಳುಕುಗಳು ಅದರಲ್ಲಿ ಕಣ್ಣಿಗೆ ಕಟ್ಟುವಂತೆ ಮೂಡಿವೆ. ನೋಡಿ ಮುಗಿಸಿದವರು ‘ಇವರಲ್ಲಿ ಕೆಟ್ಟವರು ಯಾರು?’ ಎಂದು ವಾದಕ್ಕಿಳಿಯುತ್ತಾರೆ. ಕೇಳಬೇಕಾದ ಪ್ರಶ್ನೆ ಅದಲ್ಲವೆಂಬುದು ನನ್ನ ದೃಢವಾದ ಅಭಿಪ್ರಾಯ.

ನಡೆದದ್ದೇನು? 1975ರ ಅಕ್ಟೋಬರ್‌ನಲ್ಲಿ ಮೇಲ್ಮನೆಯಾದ ಸೆನೆಟ್, ಸರ್ಕಾರದ ವೆಚ್ಚಕ್ಕೆ ಬೇಕಾದ ಹಣದ ಮಸೂದೆಗಳನ್ನು ತಡೆಹಿಡಿಯಿತು. ನವೆಂಬರ್ 11ರಂದು ಕೆರ್ ಅವರು, ಕೆಳಮನೆಯಲ್ಲಿ ಬಹುಮತವಿದ್ದ ಪ್ರಧಾನಿಯನ್ನು ವಜಾ ಮಾಡಿ, ಫ್ರೇಸರ್ ಅವರನ್ನು ಹಂಗಾಮಿ ಪ್ರಧಾನಿಯಾಗಿ ನೇಮಿಸಿದರು. ಅಂದೇ ಮಧ್ಯಾಹ್ನ ಕೆಳಮನೆ ಫ್ರೇಸರ್ ಅವರಲ್ಲಿ ಅವಿಶ್ವಾಸ ಸೂಚಿಸಿತು. ಆ ನಿರ್ಣಯವನ್ನು ಹೊತ್ತು ಹೋದ ಸಭಾಧ್ಯಕ್ಷರಿಗೆ ಕೆರ್ ಅವರ ಭೇಟಿ ದೊರೆಯುವಷ್ಟರಲ್ಲಿ ಸಂಸತ್ತೇ ವಿಸರ್ಜನೆಯಾಗಿತ್ತು!

ಡಿಸೆಂಬರ್ 13ರ ಚುನಾವಣೆಯಲ್ಲಿ ಜನರೇ ಫ್ರೇಸರ್ ಅವರನ್ನು ಭಾರೀ ಬಹುಮತದಿಂದ ಗೆಲ್ಲಿಸಿದರಲ್ಲವೇ ಎನ್ನುವವರಿದ್ದಾರೆ. ಹಣ್ಣು ಸಿಹಿಯಾಗಿತ್ತೆಂದು ಬೇಲಿ ಹಾರಿದ್ದು ನ್ಯಾಯವಾಗುವುದೇ?

ಆಸ್ಟ್ರೇಲಿಯಾದ ಸಂವಿಧಾನದಲ್ಲಿ ‘ಪ್ರಧಾನಮಂತ್ರಿ’ ಎಂಬ ಪದವೇ ಇಲ್ಲ. ಮಂತ್ರಿಗಳನ್ನು ನೇಮಿಸುವ ಅಧಿಕಾರ ಗವರ್ನರ್ ಜನರಲ್‌ರದು. ವಾರ್ಷಿಕ ವೆಚ್ಚದ ಮಸೂದೆಯನ್ನು ತಿದ್ದಲಾಗದ ಸೆನೆಟ್‌ಗೆ ಅದನ್ನು ತಿರಸ್ಕರಿಸುವ ಅಧಿಕಾರವುಂಟು. ಈ ಅಧಿಕಾರಗಳಿಗೆ ಕಡಿವಾಣ ಹಾಕಬೇಕಾದದ್ದು ಬರಹದಲ್ಲಿಲ್ಲದ ಸಂಪ್ರದಾಯ ಮಾತ್ರ. ಆ ಸಂಪ್ರದಾಯವೂ 1975ರಲ್ಲಿ ಮುರಿದುಬಿತ್ತು. ಲೇಬರ್ ಪಕ್ಷದ ಸೆನೆಟರ್ ಒಬ್ಬರ ನಿಧನದಿಂದ ತೆರವಾದ ಸ್ಥಾನಕ್ಕೆ ಕ್ವೀನ್ಸ್‌ಲ್ಯಾಂಡ್ ರಾಜ್ಯವು ವಿಟ್ಲಂ ವಿರೋಧಿಯೊಬ್ಬರನ್ನು ಕಳುಹಿಸಿತು. ಅಂಥ ಸ್ಥಾನವನ್ನು ಅದೇ ಪಕ್ಷದವರಿಂದ ತುಂಬಬೇಕೆಂದು 1977ರ ಜನಮತಗಣನೆ ವಿಧಿಸಿತು. ಅಲ್ಲಿಗೆ ಮುಚ್ಚಿದ್ದು ಒಂದೇ ಕಂಡಿ. ವೆಚ್ಚದ ಹಣವನ್ನು ತಡೆಯುವ ಅಧಿಕಾರವೂ, ಪ್ರಧಾನಿಯನ್ನು ವಜಾ ಮಾಡುವ ಅಧಿಕಾರವೂ ಇಂದಿಗೂ ಹಾಗೆಯೇ ಇವೆ.

2020ರಲ್ಲಿ, ಕೆರ್ ಮತ್ತು ಬ್ರಿಟನ್ನಿನ ಅರಮನೆಯ ನಡುವೆ ನಡೆದಿದ್ದ ಪತ್ರವ್ಯವಹಾರ ಬಹಿರಂಗವಾದಾಗಲೂ ಯಾರಿಗೆ ಏನು ಮೊದಲೇ ತಿಳಿದಿತ್ತು ಎಂಬ ಪತ್ತೇದಾರಿಕೆಯೇ ಮೇಲಾಯಿತು. ಧಾರಾವಾಹಿ ಕಲಿಸಿದ ಚಾಳಿ ಅದು ಎಂದರೆ ಅತಿಶಯೋಕ್ತಿಯಾಗದು.

ಕೆರ್ 1991ರಲ್ಲಿ, ವಿಟ್ಲಂ 2014ರಲ್ಲಿ, ಫ್ರೇಸರ್ 2015ರಲ್ಲಿ ಗತಿಸಿದರು. ದೋಷವು ಕೇವಲ ಅವರ ಸ್ವಭಾವದ್ದಾಗಿದ್ದರೆ ಅವರೊಂದಿಗೇ ಮುಗಿಯಬೇಕಿತ್ತು. ಓದುಗರೇ, ಸಜ್ಜನರನ್ನು ನಂಬಿ ಸಂವಿಧಾನ ಬರೆಯುವುದು, ಕಳ್ಳರಿಲ್ಲವೆಂದು ನಂಬಿ ಬಾಗಿಲಿಗೆ ಅಗುಳಿಯಿಡದೆ ಮಲಗಿದಂತೆ.