ಬಿಎಂಸಿ ಕೆಟ್ಟಾಗ: ರಿಪೇರಿಯೋ, ಹೊಸದೋ?

ಅಕ್ಕತಂಗಿಯರೇ,

ಬೆಳಗಾಗೆದ್ದು ಕರೆದ ಹಾಲನ್ನು ಸಂಘಕ್ಕೆ ಹಾಕಿ, ಫ್ಯಾಟು, ಎಸ್‌ಎನ್‌ಎಫ್ ನೋಡಿಕೊಂಡು ಬಂದರೆ ನಮ್ಮ ಕೆಲಸ ಮುಗಿಯಿತು ಎಂದುಕೊಳ್ಳುತ್ತೇವೆ. ಆಮೇಲಿನದು ಬಿಎಂಸಿಯ ಕೆಲಸ. 35 ಡಿಗ್ರಿಯಲ್ಲಿ ಬಂದ ಹಾಲನ್ನು ಅದು ಸುಮಾರು ಮೂರು ಗಂಟೆಯಲ್ಲಿ 4 ಡಿಗ್ರಿಗೆ ಇಳಿಸಬೇಕು. ತಡವಾದಷ್ಟೂ ಹಾಲು ಹುಳಿಯ ಕಡೆಗೆ ವಾಲುತ್ತದೆ. 3,000 ಲೀಟರಿನ ಟ್ಯಾಂಕು ತುಂಬಿದ್ದಾಗ ಹಾಲು ಒಡೆದರೆ, ಲೀಟರಿಗೆ 35 ರೂಪಾಯಿ ಹಿಡಿದರೂ 1,05,000 ರೂಪಾಯಿ ಹೋಯಿತು. ಅದು ನಮ್ಮ ಬಟವಾಡೆಯ ದುಡ್ಡು.

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ, ನೀವು ಯಾವ ತಾಲ್ಲೂಕಿನವರಾದರೂ ಈ ಮಾತು ಕೇಳಿರುತ್ತೀರಿ: ‘ತಂಪು ಹಿಡೀತಿಲ್ಲ, ಗ್ಯಾಸ್ ಹೋಗಿದೆ, ತುಂಬಿಸಬೇಕು.’ ಬಿಎಂಸಿಯ ಗ್ಯಾಸು ಅಡುಗೆ ಸಿಲಿಂಡರಿನಂತೆ ಉರಿದು ಖಾಲಿಯಾಗುವುದಿಲ್ಲ. ಮುಚ್ಚಿದ ಕೊಳವೆಯೊಳಗೆ ಅದೇ ಗ್ಯಾಸು ಸುತ್ತುತ್ತಿರುತ್ತದೆ. ಕಡಿಮೆಯಾಗಿದೆ ಎಂದರೆ ಎಲ್ಲೋ ಸೋರಿದೆ. ಸೋರಿಕೆ ಹುಡುಕದೆ ಗ್ಯಾಸ್ ತುಂಬಿಸುವುದು ತೂತು ಕೊಡದಲ್ಲಿ ನೀರು ಹೊತ್ತಂತೆ.

ಆದ್ದರಿಂದ ‘ಎಷ್ಟಾಗುತ್ತದೆ’ ಎಂದು ಕೇಳುವ ಮೊದಲು ‘ತೂತು ಎಲ್ಲಿದೆ’ ಎಂದು ಕೇಳಿ. ಟ್ಯಾಂಕನ್ನೂ ಕಂಡೆನ್ಸರನ್ನೂ ಬೇರ್ಪಡಿಸಿ, ಒಂದೊಂದಕ್ಕೂ ನೈಟ್ರೋಜನ್ ತುಂಬಿ, ಒತ್ತಡ ನಿಲ್ಲುತ್ತದೆಯೇ ಎಂದು ಮೆಕ್ಯಾನಿಕ್ ತೋರಿಸಲಿ. ಬೆಸುಗೆಗಳಿಗೆ ಸೋಪಿನ ನೊರೆ ಹಚ್ಚಿದರೆ ಸೋರುವಲ್ಲಿ ಗುಳ್ಳೆ ಏಳುತ್ತದೆ. ಇದಕ್ಕೆ ಒಂದು ದಿನ ಹಿಡಿಯಬಹುದು. ಅಂದಿನ ಹಾಲನ್ನು ಕ್ಯಾನುಗಳಲ್ಲಿ ಪಕ್ಕದ ಬಿಎಂಸಿಗೆ ಕಳಿಸುವ ಏರ್ಪಾಡು ಮೊದಲೇ ಆಗಲಿ.

ತೂತು ಹೊರಗಿನ ಕಂಡೆನ್ಸರಿನಲ್ಲಿದ್ದರೆ ಗಾಬರಿ ಬೇಡ. ಕೊಳವೆಯ ಒಂದು ಜಾಗ ಸೋರಿದ್ದರೆ ಬೆಸುಗೆ ಸಾಕು. ರೇಕುಗಳು ಮುಟ್ಟಿದರೆ ಪುಡಿಯಾಗುವಷ್ಟು ಸವೆದಿದ್ದರೆ ಕಂಡೆನ್ಸರ್ ಒಂದನ್ನೇ ಬದಲಿಸಬಹುದು. ಅದಕ್ಕಾಗಿ ಇಡೀ ಬಿಎಂಸಿ ಹೊಸದು ಬೇಕು ಎಂದರೆ ಒಪ್ಪಬೇಡಿ.

ತೂತು ಟ್ಯಾಂಕಿನ ತಳದಲ್ಲಿದ್ದರೆ ಮಾತು ಬೇರೆ. ಅಲ್ಲಿ ಎರಡು ಸ್ಟೀಲ್ ತಗಡುಗಳ ನಡುವೆ ಗ್ಯಾಸು ಹರಿಯುತ್ತದೆ, ಮೇಲಿನ ತಗಡಿನ ಮೇಲೆ ನಮ್ಮ ಹಾಲು ನಿಂತಿರುತ್ತದೆ. ಆ ತಗಡು ತೂತಾದರೆ ಗ್ಯಾಸು, ಎಣ್ಣೆ ಹಾಲಿಗೆ ಸೇರಬಹುದು. ಹಾಲು, ತೊಳೆದ ನೀರು ಒಳಗೆ ಇಳಿದರೆ ಕಂಪ್ರೆಸರೂ ಹಾಳು. ಪಕ್ಕಾ ಆಗುವವರೆಗೆ ಅದಕ್ಕೆ ಒಂದು ತೊಟ್ಟು ಹಾಲೂ ಹಾಕಬಾರದು. ಅನುಭವವಿರುವವರು ವೆಲ್ಡಿಂಗ್ ಮಾಡಿ, ನುಣ್ಣಗೆ ಉಜ್ಜಿ, ಮತ್ತೆ ಒತ್ತಡ ಪರೀಕ್ಷೆ ಮಾಡಿ, ಗ್ಯಾರಂಟಿ ಬರೆದುಕೊಟ್ಟರೆ ಒಮ್ಮೆ ಒಪ್ಪಬಹುದು. ಒರಟು ಬೆಸುಗೆಯಲ್ಲಿ ಹಾಲು ಅಂಟಿ ಕೊಳೆಯುತ್ತದೆ. ಎರಡನೇ ಸಲ ಸೋರಿದರೆ ಟ್ಯಾಂಕು ಬದಲಿಸುವುದೇ ಸರಿ ಎಂಬುದು ನನ್ನ ಅಭಿಪ್ರಾಯ. ಆಗ ಉಳಿತಾಯ ನೋಡಬಾರದು.

‘ಮಿಷಿನ್ ವಿಚಾರ ನಿಮಗೇನು ಗೊತ್ತು’ ಎನ್ನುವವರಿರುತ್ತಾರೆ. ತೀರ್ಮಾನಕ್ಕೆ ಬೇಕಾದದ್ದು ಸಂಘದ ಪುಸ್ತಕಗಳಲ್ಲೇ ಇದೆ. ಒಂದು ವರ್ಷದಲ್ಲಿ ಎಷ್ಟು ಸಲ ಗ್ಯಾಸ್ ತುಂಬಿಸಿದ್ದಾರೆ? ರಿಪೇರಿಗೆ, ಡೀಸೆಲ್‌ಗೆ, ಕರೆಂಟಿಗೆ ಎಷ್ಟಾಗಿದೆ? ಹಾಲು 4 ಡಿಗ್ರಿಗೆ ಬರಲು ಮೊದಲು ಎಷ್ಟು ಹೊತ್ತು ಹಿಡಿಯುತ್ತಿತ್ತು, ಈಗ ಎಷ್ಟು? ಇವನ್ನು ಹೊಸದರ ಬೆಲೆಯ ಪಕ್ಕದಲ್ಲಿಟ್ಟು ನೋಡಿ, ತೂತು ಎಲ್ಲಿತ್ತು ಎಂಬುದನ್ನೂ ನಡಾವಳಿ ಪುಸ್ತಕದಲ್ಲಿ ಬರೆಸಿದ ಮೇಲೆಯೇ ರುಜು ಹಾಕಿ. ವಾರ್ಷಿಕ ಸರ್ವಸದಸ್ಯರ ಸಭೆಯಲ್ಲಿ, ಲೆಕ್ಕದಲ್ಲಿ ತೋರಿಸುವ ಸವಕಳಿಯಷ್ಟು ಹಣವನ್ನು ನಿಜವಾಗಿ ತೆಗೆದಿಟ್ಟಿದ್ದಾರೆಯೇ ಎಂದೂ ಕೇಳಿ. ಹಣ ಇಲ್ಲದ ಸಂಘ ಕೊನೆಗೆ ತೇಪೆಯನ್ನೇ ಆರಿಸಿಕೊಳ್ಳುತ್ತದೆ.

ಕೊನೆಯದಾಗಿ, ಕೆಟ್ಟಿದೆ ಎನ್ನುವ ಕಂಡೆನ್ಸರ್ ಬರೀ ಕೊಳೆಯಾಗಿರಲೂಬಹುದು. ರಸ್ತೆಯಲ್ಲಿ ರಾಗಿ ಒಕ್ಕುವ ಕಾಲದಲ್ಲಿ ಹೊಟ್ಟು, ಧೂಳು ರೇಕುಗಳಿಗೆ ಕೂತು ಗಾಳಿ ಆಡುವುದಿಲ್ಲ. ಕರೆಂಟ್ ಆಫ್ ಮಾಡಿಸಿ, ಮೆದು ಬ್ರಷ್ಷಿನಿಂದ ತಿಂಗಳಿಗೊಮ್ಮೆ, ಒಕ್ಕಣೆ ದಿನಗಳಲ್ಲಿ ವಾರಕ್ಕೊಮ್ಮೆ ತೆಗೆಸಿ. ನಾಳೆ ಹಾಲು ಹಾಕಲು ಹೋದಾಗ ಕಟ್ಟಡದ ಹಿಂದೆ ಹೋಗಿ ಒಮ್ಮೆ ನೋಡಿಕೊಂಡು ಬನ್ನಿ.