ಕೊಳವೆ ಸೀಳಿ ನೋಡದೆ ಹೀಟರ್ ಗುಜರಿಗೆ ಹಾಕಬಾರದು

ಎಸ್. ನಿಜಲಿಂಗಪ್ಪ ಸಕ್ಕರೆ ಸಂಸ್ಥೆ, ಬೆಳಗಾವಿ, ಇದರ ನಿರ್ದೇಶಕರಿಗೆ ಬಹಿರಂಗ ಪತ್ರ



ಸಕ್ಕರೆ ಕಾರ್ಖಾನೆಯ ಬಾಯ್ಲಿಂಗ್ ಹೌಸಿನಲ್ಲಿ ಫಿಟ್ಟರ್ ಆಗಿ ದುಡಿದು ಈಗ ಖಾನಾಪುರದಲ್ಲಿದ್ದೇನೆ. ಹಂಗಾಮು ಮುಗಿದು ಓವರ್‌ಹಾಲಿಂಗ್ ಶುರುವಾದಾಗ ಕಾರ್ಖಾನೆಗಳಲ್ಲಿ ಒಂದು ಪ್ರಶ್ನೆ ಏಳುತ್ತದೆ: ಸೋರುವ ಜ್ಯೂಸ್ ಹೀಟರನ್ನು ರಿಪೇರಿ ಮಾಡುವುದೋ, ಹೊಸದು ತರುವುದೋ? ಅದರ ಬಗ್ಗೆಯೇ ಈ ಪತ್ರ.

ಒಂದು ಜನವರಿ ರಾತ್ರಿ ಲ್ಯಾಬಿನ ಹುಡುಗ ಗಾಜಿನ ನಳಿಕೆ ಹಿಡಿದು ಓಡಿಬಂದ. ಜ್ಯೂಸ್ ಹೀಟರಿನ ಆವಿ ತಣಿದು ಬಂದ ಕಂಡೆನ್ಸೇಟ್ ನೀರಿಗೆ ಆಲ್ಫಾ ನ್ಯಾಫ್ಥಾಲ್ ಹನಿಸಿ, ಅಂಚಿನಿಂದ ಗಂಧಕಾಮ್ಲ ಇಳಿಸಿದ್ದ. ನಡುವೆ ನೇರಳೆ ಉಂಗುರ ನಿಂತಿತ್ತು. ನೀರಿಗೆ ಸಕ್ಕರೆ ಸೇರಿದೆ, ಎಲ್ಲೋ ಕೊಳವೆ ತೂತಾಗಿದೆ. ಕೊಳವೆಯೊಳಗೆ ಪಂಪು ತಳ್ಳುವ ರಸದ ಒತ್ತಡ ಹೊರಗಿನ ಆವಿಗಿಂತ ಹೆಚ್ಚು, ಹಾಗಾಗಿ ರಸವೇ ಹೊರಗೆ ಜಿನುಗುತ್ತದೆ. ಆ ನೀರು ಬಾಯ್ಲರಿಗೆ ಹೋದರೆ ಸಕ್ಕರೆ ಒಡೆದು ಆಮ್ಲವಾಗುತ್ತದೆ, ನೊರೆ ಏಳುತ್ತದೆ, ಕೊಳವೆಗಳಿಗೆ ಕರಿ ಹಿಡಿಯುತ್ತದೆ. ನೀರು ಚೆಲ್ಲಿದೆವು, ಮಿಲ್ಲು ನಿಂತಿತು. ಬೆಳಗಿನ ಜಾವ ಗೇಟಿನ ಹೊರಗೆ ಕಬ್ಬಿನ ಟ್ರ್ಯಾಕ್ಟರುಗಳ ಸಾಲು. “ಎಷ್ಟೊತ್ತಾಗತೈತ್ರಿ ಅಣ್ಣಾರ? ತೂಕಾ ಹೊಂಟೈತ್ರಿ” ಎಂದು ಕೇಳಿದ ರೈತನ ಮುಖ ಇವತ್ತಿಗೂ ಕಣ್ಣೆದುರಿಗಿದೆ.

ಆ ಹೀಟರಿನಲ್ಲಿ 400 ಕೊಳವೆ. ಮೊದಲ ಸಲ 6ಕ್ಕೆ ಪ್ಲಗ್ ಹೊಡೆದೆವು, ಹಂಗಾಮು ಮುಗಿಯುವಷ್ಟರಲ್ಲಿ 37 ಆಗಿತ್ತು. ನೂರಕ್ಕೆ ಹತ್ತು ಮುಚ್ಚುವ ತನಕ ನಡೆಯುತ್ತದೆಂಬುದು ನಮ್ಮ ರೂಢಿಯ ಲೆಕ್ಕ. ಮ್ಯಾನೇಜ್‌ಮೆಂಟು ಇಡೀ ಹೀಟರನ್ನೇ ಗುಜರಿಗೆ ಹಾಕಿ ಹೊಸದು ಕೂಡಿಸಿತು. ಎರಡನೇ ಹಂಗಾಮಿಗೆ ಅದೂ ಸೋರಿತು.

ಆಗ ಆ ಹೊಸ ಹೀಟರಿನ ಒಂದು ಕೊಳವೆ ಕಿತ್ತು, ಹ್ಯಾಕ್‌ಸಾ ಹಿಡಿದು ನುಗ್ಗೆಕಾಯಿ ಸೀಳಿದಂತೆ ಉದ್ದಕ್ಕೆ ಸೀಳಿದೆ. ಒಳಗೆ ಕಂದು ಗಸಿ ಅಂಟಿತ್ತು, ಕೆರೆದರೆ ಹಿತ್ತಾಳೆ ನುಣ್ಣಗೇ ಇತ್ತು. ಹೊರಮೈ ಮಾತ್ರ ಸವೆದಿತ್ತು, ಎಳ್ಳುಕಾಳಿನಷ್ಟು ತೂತು. ಹೊಸದರಲ್ಲಿ ಒಂದೂವರೆ ಮಿಲಿಮೀಟರ್ ಇದ್ದ ದಪ್ಪ ಅಲ್ಲಿ ಅರ್ಧವೂ ಉಳಿದಿರಲಿಲ್ಲ. ಎರಡರಲ್ಲೂ ಸತ್ತ ಕೊಳವೆಗಳೆಲ್ಲ ಆವಿ ನುಗ್ಗುವ ಬಾಯಿಯ ಎದುರಿನವು. ಅಲ್ಲೊಂದು ತಡೆತಗಡು ಸರಿಯಾಗಿದ್ದರೆ ಹಳೆಯ ಹೀಟರೇ ಬಾಳುತ್ತಿತ್ತು. ಅದರ ಶೆಲ್ಲೂ ಟ್ಯೂಬ್ ಪ್ಲೇಟೂ ಗಟ್ಟಿಯಾಗಿದ್ದವು. ಹೊಸ ಕೊಳವೆ ತೂರಿಸಿ ಎಕ್ಸ್‌ಪಾಂಡರ್ ತಿರುಗಿಸಿದ್ದರೆ ಸಾಕಿತ್ತು. ಅದು ಗುಜರಿ ಲಾರಿ ಏರಿದ್ದು ನನಗಿಂದೂ ಸಂಕಟ.

ಅದಕ್ಕೇ ನಾನು ತೂತು ಎಷ್ಟು ಎನ್ನುವುದಕ್ಕಿಂತ ಎಲ್ಲಿ, ಯಾವ ಮೈಯಿಂದ ಎಂದು ಮೊದಲು ಕೇಳುತ್ತೇನೆ. ಒಂದೇ ಮೂಲೆಯಲ್ಲಿದ್ದರೆ ಅಲ್ಲಿನ ಕಾರಣ ತೆಗೆದು ಅಷ್ಟೇ ಕೊಳವೆ ಬದಲಿಸಬಹುದು. ಎಲ್ಲೆಡೆ ಒಳಗಿನಿಂದ ಗುಂಡಿ ಬಿದ್ದಿದ್ದರೆ ಕಾಸ್ಟಿಕ್, ಆಸಿಡ್ ತೊಳೆತದ ಮೇಲೆ ಅನುಮಾನ; ಕೊಳವೆ ಪೂರ್ತಿ ಬದಲಿಸಿ, ತೊಳೆಯುವ ರೀತಿಯನ್ನೂ ತಿದ್ದಬೇಕು. ಟ್ಯೂಬ್ ಪ್ಲೇಟಿನ ತೂತುಗಳ ನಡುವೆ ಬಿರುಕು ಓಡಿದ್ದರೆ ಮಾತ್ರ ಹೊಸದರ ಮಾತು.

ಇನ್ನೊಂದು, ನಮ್ಮ ಖಾನಾಪುರದ ಮಳೆ. ಹೀಟರ್ ಸುಮ್ಮನೆ ನಿಲ್ಲುವುದೂ ಆ ಮಳೆಗಾಲದಲ್ಲೇ. ತೊಳೆದ ನೀರು ತಳದಲ್ಲಿ ನಿಂತರೆ, ಓಡದ ಹೀಟರೂ ಒಳಗೊಳಗೇ ತಿನ್ನಿಸಿಕೊಳ್ಳುತ್ತದೆ. ಖಾಲಿ ಮಾಡಿ, ಒಣಗಿಸಿ ಮುಚ್ಚಬೇಕೆಂದು ಹೇಳಿಕೊಡುವವರು ಕಡಿಮೆ.

ನನ್ನ ಬೇಡಿಕೆ ಇಷ್ಟು. ಪ್ರತಿ ಏಪ್ರಿಲ್‌ನಲ್ಲಿ ಗಣೇಶಪುರ ರಸ್ತೆಯ ತಮ್ಮ ಸಂಸ್ಥೆಯಲ್ಲಿ ಕಾರ್ಖಾನೆಗಳು ಸೋರಿದ ಕೊಳವೆ ತಂದು ಸೀಳಿಸಿ, ದಪ್ಪ ಅಳೆಸಿ, ಕಾರಣ ಬರೆಸಿಕೊಂಡು ಹೋಗುವ ಏರ್ಪಾಟು ಮಾಡಿ. ಇಂಜಿನಿಯರುಗಳ ಜೊತೆ ಫಿಟ್ಟರುಗಳನ್ನೂ ಕರೆಯಿರಿ, ಕೊಳವೆಗೆ ಕೈಹಾಕುವವರು ಅವರೇ. ಆ ಸೀಳಿದ ಹಿತ್ತಾಳೆ ತುಂಡು ನನ್ನ ಮನೆಯ ಅಟ್ಟದ ಮೇಲಿದೆ. ತಾವು ಹೇಳಿದ ದಿನ ಬೆಳಗಿನ ಬಸ್ಸಿಗೆ ತರುತ್ತೇನೆ.

ಇತಿ ತಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ಫಿಟ್ಟರ್, ಖಾನಾಪುರ